ಜಪಾನದ ಹುಡುಗಿಗೆ ಉಡಿ ತುಂಬಿದ್ದು

ಬಾಯಿ ಜೋರಿರುವ ಹೆಂಗಸು ಏನು ಮಾಡಿದರೂ ಒಳ್ಳೆಯ ಹೆಸರು ಪಡೆಯಲಾರಳು ಎಂಬುದು ನನ್ನ ಸ್ವಾನುಭವ. ನನ್ನದು ಮೈಸೂರಿನ ಬಾಯಿ. ಆಸ್ಪತ್ರೆಯಲ್ಲಿ ದಿನವಿಡೀ ರೋಗಿಗಳೊಡನೆ ಮಾತಾಡಿ, ಟ್ಯೂಬ್ ರೈಲಿನಲ್ಲಿ ಯಾರೂ ಮಾತಾಡಬಾರದೆಂಬ ಲಂಡನ್ನಿನ ಪದ್ಧತಿಯನ್ನೂ ಮುರಿದು ಕೆಂಟನ್ನಿನ ಮನೆಗೆ ಬಂದಮೇಲೂ ನನ್ನಲ್ಲಿ ಸಾಕಷ್ಟು ಮಾತು ಮಿಕ್ಕಿರುತ್ತಿತ್ತು. ಧಾರವಾಡದಿಂದ ಆಗಾಗ ಬಂದು ನಮ್ಮೊಡನೆ ಇರುತ್ತಿದ್ದ ಅತ್ತೆಯವರ ಬಾಯಿಂದ ನನ್ನ ಬಗ್ಗೆ ಒಂದೇ ಒಂದು ಒಳ್ಳೆಯ ಮಾತು ಕೇಳಬೇಕೆಂದು ನನಗೆ ಬಹಳ ಆಸೆ. ಆದರೆ ಅಂಥ ಮಾತೆಲ್ಲ ಒಬ್ಬ ಜಪಾನಿ ನಟಿಯ ಪಾಲಾಗುತ್ತಿತ್ತು.

ತೊಂಬತ್ತರ ದಶಕದ ಆ ದಿನಗಳಲ್ಲಿ ಟೀವಿಯಲ್ಲಿ ಆಕಾಶನೌಕೆಯ ಧಾರಾವಾಹಿಯೊಂದು ಬರುತ್ತಿತ್ತು. ಅದರಲ್ಲಿ ಆಕೆಗೆ ಕ್ಯಾಪ್ಟನ್ನಿನ ಹಿಂದೆ ನಿಂತು ಗುಂಡಿ ಒತ್ತುವ ಕೆಲಸ. ಇಂಗ್ಲಿಷ್ ಬಾರದ ಅತ್ತೆ ಕಣ್ಣು ಮಿಟುಕಿಸದೆ ನೋಡುತ್ತಿದ್ದರು. “ನೋಡವಾ, ಎಲ್ಲಾ ಕೆಲಸಾ ಇಕೀನ ಮಾಡ್ತಾಳ. ಆದ್ರೂ ಒಂದ ಎದುರುಮಾತಿಲ್ಲ!” ಸಂಭಾಷಣೆಯನ್ನೇ ಕೊಡದಿದ್ದರೆ ಎದುರುಮಾತು ಎಲ್ಲಿಂದ ಬರಬೇಕು? ಹಾಗೆಂದು ಅತ್ತೆಗೆ ಹೇಳಿದೆ. ಅದೂ ಎದುರುಮಾತಿನ ಲೆಕ್ಕಕ್ಕೇ ಹೋಯಿತು.

ಕ್ರಮೇಣ ಆಕೆಗೆ ಒಂದೆರಡು ಮಾತು ಸಿಕ್ಕವು, ಆಮೇಲೆ ಒಂದು ಬಂದೂಕು ಸಿಕ್ಕಿತು. ಅತ್ತೆ ಊರಿಗೆ ಹೋದಾಗ ಒಂದು ಕಂತೂ ತಪ್ಪದಂತೆ ವಿಡಿಯೋ ಕ್ಯಾಸೆಟ್ಟಿಗೆ ಇಳಿಸಿಡುವ ಕೆಲಸ ನನ್ನದು. ಸವತಿಯನ್ನು ಹೀಗೆ ಕಪಾಟಿನಲ್ಲಿ ಜೋಪಾನ ಮಾಡಿದವಳು ನಾನೊಬ್ಬಳೇ ಇರಬೇಕು. ಕಡೆಗೊಮ್ಮೆ ಆಕೆಯ ಪಾತ್ರವನ್ನು ಯಾವುದೋ ದೂರದ ಗ್ರಹದ ರಾಜಕುಮಾರನಿಗೆ ಮದುವೆ ಮಾಡಿ ಕಳಿಸಿಬಿಟ್ಟರು. ಆಕೆಗೆ ಸಿನಿಮಾದಲ್ಲಿ ಅವಕಾಶ ಸಿಕ್ಕಿತ್ತು, ಅಷ್ಟೆ. ಅತ್ತೆಗೆ ಮಾತ್ರ ಅಂದು ಊಟ ಸೇರಲಿಲ್ಲ.

“ಬರೇ ಉಡೀಲೆ ಕಳಿಸ್ಯಾರಲ್ಲ! ಮನಿಮಗಳು ಅಷ್ಟ ದೂರ ಹೊಂಟಾಳ, ಒಂದ ಹಿಡಿ ಅಕ್ಕಿ ಹಾಕವರು ಯಾರೂ ಇರಲಿಲ್ಲೇನ?”

ಮನೆಯಿಂದ ಹೊರಟ ಮಗಳ ಸೆರಗಿಗೆ ಅಕ್ಕಿ, ಕಾಯಿ, ಕುಪ್ಪಸದ ಖಣ ಹಾಕಿ ಉಡಿ ತುಂಬದೆ ಕಳಿಸುವುದು ಅವರ ಕಡೆ ಉಂಟೇ! “ಅದು ನಾಟಕ ಅತ್ತೆ, ಸಿನಿಮಾದಲ್ಲಿ ಅವಳೇ ಕ್ಯಾಪ್ಟನ್ನು” ಎಂದೆ. “ಹಂಗಿದ್ರ ಉಡಿ ತುಂಬಾಕ ಬೇಕ” ಎಂದರು.

ಆ ಸಿನಿಮಾ ಬಂದ ವರ್ಷ ಲಂಡನ್ನಿನಲ್ಲೇ ಹೇಸ್ ಹತ್ತಿರದ ಹೋಟೆಲೊಂದರಲ್ಲಿ ಆಕೆ ಅಭಿಮಾನಿಗಳಿಗೆ ಹಸ್ತಾಕ್ಷರ ಕೊಡುತ್ತಾಳೆಂದು ತಿಳಿಯಿತು. ಧಾರಾವಾಹಿಯ ಪಾತ್ರಗಳಂತೆ ಮುಖಕ್ಕೆ ಹಸಿರು ಬಳಿದುಕೊಂಡವರ, ಮೂರನೆಯ ಕಣ್ಣು ಅಂಟಿಸಿಕೊಂಡವರ ಸಾಲಿನಲ್ಲಿ ಇಳಕಲ್ ಸೀರೆಯ ಅತ್ತೆ ನಿಂತರು. ಕಾಯಿಯ ಚೀಲ ಹೊತ್ತು ಹಿಂದೆ ನಾನು. ಪರಿಚಯದ ರೋಗಿಗಳು ಯಾರೂ ಎದುರಾಗದಿರಲಿ ಎಂದು ಬೇಡಿಕೊಂಡೆ. ಮೂರು ಕಣ್ಣಿನವನೊಬ್ಬ “ಹಲೋ ಡಾಕ್ಟರ್” ಎಂದ.

ನಮ್ಮ ಸರದಿ ಬಂದಾಗ ಹೊಸ ತೊಡಕು. ಪ್ಯಾಂಟು ತೊಟ್ಟವಳಿಗೆ ಸೆರಗೆಲ್ಲಿಯದು? ಅತ್ತೆ ಅಕ್ಕಿ ಹಿಡಿದ ಬೊಗಸೆಯನ್ನು ಹಾಗೇ ಎತ್ತಿಕೊಂಡು ಅಳುವಂತಾದರು. ಆ ಮುಖ ನೋಡಲಾಗಲಿಲ್ಲ. ನನ್ನ ಶಾಲನ್ನೇ ತೆಗೆದು ಆಕೆಯ ಮಡಿಲಲ್ಲಿ ಹಾಸಿದೆ. ಆಕೆ ತುಟಿಪಿಟಕ್ಕೆನ್ನದೆ ಅದರ ಅಂಚುಗಳನ್ನು ಎರಡೂ ಕೈಯಲ್ಲಿ ಹಿಡಿದು ತಲೆಬಾಗಿದಳು. ಅಕ್ಕಿ, ಕಾಯಿ, ಗುಳೇದಗುಡ್ಡದ ಖಣ ಎಲ್ಲವೂ ಸೇರಬೇಕಾದಲ್ಲಿ ಸೇರಿದವು.

ಆಮೇಲೆ ಅತ್ತೆ ನನ್ನ ತೋಳು ಹಿಡಿದು ಹತ್ತಿರ ಎಳೆದುಕೊಂಡರು. “ಇಕಿ ನಮ್ಮ ಸೊಸಿ. ಮಾತು ಭಾಳ, ಖರೆ. ಆದ್ರ ಬಂಗಾರದಂಥಾಕಿ. ನಾ ಮಾಡಂದಿದ್ದು ಒಂದೂ ಬಿಟ್ಟಾಕಿ ಅಲ್ಲ.” ಬಳಿಕ ನನ್ನ ಕಡೆ ತಿರುಗಿ, “ಹೇಳವಾ ಆಕೀಗೆ, ಇಂಗ್ಲೀಷನ್ಯಾಗ” ಎಂದರು.

ಇಷ್ಟು ವರ್ಷ ಕಾದ ಮಾತು ಬಂದೇಬಿಟ್ಟಿತ್ತು, ಅದನ್ನು ಅನುವಾದ ಮಾಡುವ ಕೆಲಸವೂ ನನ್ನ ತಲೆಗೇ ಬಿತ್ತು! ನಟಿ ನನ್ನನ್ನೇ ನೋಡುತ್ತಿದ್ದಳು. ಏನಾದರೂ ಹೇಳೋಣವೆಂದು ಬಾಯಿ ತೆರೆದೆ, ಹಾಗೇ ಮುಚ್ಚಿದೆ.

ಆ ಹೊತ್ತಿಗೆ ಯಾರೋ ತೆಗೆದ ಫೋಟೋ ಈಗ ನಮ್ಮ ಹಾಲಿನ ಗೋಡೆಯ ಮೇಲಿದೆ. ಅತ್ತೆ ಮತ್ತು ನಟಿ ಮುಂದೆ ನಗುತ್ತಿದ್ದಾರೆ. ಹಿಂದೆ ಖಾಲಿ ಚೀಲ ಹಿಡಿದು ಬಾಯಿ ಮುಚ್ಚಿ ನಿಂತವಳು ನಾನು. ಬಂದವರಿಗೆಲ್ಲ ಅತ್ತೆ ಅದನ್ನು ತೋರಿಸಿ ಹೇಳುತ್ತಾರೆ: “ನೋಡ್ರಿ, ಅವತ್ತ ಎಷ್ಟ ಶಾಣ್ಯಾ ಆಗಿದ್ಲು!”