ಕಾಳಾಚಾರಿ ಮಾಡಿದ ಕೋಳ

ಕಾಳಾಚಾರಿಯ ಪಾಡಿಗೆಲ್ಲ ಒಂದು ಹತಾರದ ಚೀಲವೇ ಕಾರಣ. ಪಟ್ಟಣದ ಸರ್ಕಾರಿ ಉಗ್ರಾಣದವರು ಗಾಡಿ ಚಕ್ರದ ದುರಸ್ತಿಗೆಂದು ಅದನ್ನು ಇಸಿದುಕೊಂಡು ಆರು ತಿಂಗಳಾಗಿತ್ತು. ಹಿಂದಿರುಗಿಸಿ ಎಂದು ನ್ಯಾಯಾಧಿಕಾರಿಗಳು ಎರಡು ಸಲ ಅಪ್ಪಣೆ ಬರೆಸಿದರು. ಉಗ್ರಾಣದ ಲಿಂಗಣ್ಣ ಎರಡನ್ನೂ ಕಣ್ಣಿಗೊತ್ತಿಕೊಂಡು ದಿಂಬಿನ ಕೆಳಗಿಟ್ಟ. ಇತ್ತ ತೊಣ್ಣೂರಿನಲ್ಲಿ ಬರಿಗೈ ಬಡಗಿ ಹೆಂಡತಿಗೆ ಹೇಳುತ್ತಿದ್ದ: "ನನ್ನೂ ಒಂದು ಮೂಲೇಲಿ ಒರಗಿಸ್ಬುಡು ಸುಬ್ಬಿ, ಒಲೆಗಾದ್ರೂ ಆಯ್ತೀನಿ."

ಅಂದು ಬೆಳಿಗ್ಗೆ ಕಾಳಾಚಾರಿ ಮೂರನೆಯ ಸಲ ಹೊಳೆ ದಾಟಿ ಪಟ್ಟಣದ ಕಚೇರಿಗೆ ಬಂದು ದೂರು ಹೇಳಿದ. ನ್ಯಾಯಾಧಿಕಾರಿಗಳ ಮೀಸೆ ನಡುಗಿತು.

"ನಮ್ಮ ಅಪ್ಪಣೆ ಅಂದ್ರೆ ಅವನಿಗೆ ಇಷ್ಟು ಸದರವೋ? ದೀಪ ಹಚ್ಚೋದರೊಳಗೆ ಚೀಲ ಕೊಡದಿದ್ರೆ ಅವನ ಕಾಲಿಗೆ ಕೋಳ ಹಾಕಿ."

ಕಾಳಾಚಾರಿಗೆ ಹೊಟ್ಟೆ ತಣ್ಣಗಾಯಿತು. ಅಷ್ಟರಲ್ಲಿ ಜವಾನ ಮೆಲ್ಲಗೆ, "ಕೋಳದ ಮರಾನ ಗೆದ್ದಲು ತಿಂದಾಕ್ಬುಟ್ಟೈತೆ, ಬುದ್ಧಿ" ಎಂದ.

ನ್ಯಾಯಾಧಿಕಾರಿಗಳು ಕಾಳಾಚಾರಿಯ ಕಡೆ ತಿರುಗಿದರು. "ನೀನು ಬಡಗಿ ತಾನೇ? ದೀಪ ಹಚ್ಚೋದರೊಳಗೆ ಹೊಸದು ಮಾಡಿ ತಾ. ಇದೂ ನಮ್ಮ ಅಪ್ಪಣೆಯೇ."

"ಆಗ್ಲಿ ಬುದ್ಧಿ" ಎಂದುಬಿಟ್ಟ. ದೊಡ್ಡವರು ಏನು ಕೇಳಿದರೂ ಆಗಲಿ ಎನ್ನುವುದು ಅವನಿಗೆ ಹುಟ್ಟಿನಿಂದ ಬಂದ ರೋಗ. ಕೈಯಲ್ಲಿ ಹತಾರವೇ ಇಲ್ಲವೆಂಬುದು ಹೊಳೆದದ್ದು ಬೀದಿಗೆ ಬಂದ ಮೇಲೆ.

ಪೇಟೆಯ ಬಡಗಿ ಲಕ್ಷ್ಮಣಾಚಾರಿಯ ಹತ್ತಿರ ಓಡಿದ. "ಒಂದೊತ್ತಿಗೆ ಉಳಿ ಬಾಚಿ ಕೊಡಣ್ಣ."

"ಪೂಜೆ ಮಾಡೋ ಹತಾರ ಇನ್ನೊಬ್ರ ಕೈಗೆ ಕೊಟ್ಟಾರೇನ್ಲಾ? ಹೋದ್ ವರ್ಸ ನಾನು ಗರಗಸ ಕೇಳ್ದಾಗ ಇಂಗೆ ಅಂದೋನು ನೀನೇ ಅಲ್ವಾ?"

ನಿಜ, ಎದೆಯುಬ್ಬಿಸಿಕೊಂಡೇ ಅಂದಿದ್ದ. ಸರ್ಕಾರದವರು ಕೇಳಿದಾಗ ಮಾತ್ರ ಆ ಎದೆ ಎಲ್ಲಿಗೆ ಹೋಗಿತ್ತೋ ಅವನಿಗೇ ತಿಳಿಯದು. ಕೊನೆಗೆ ಉಗ್ರಾಣಕ್ಕೇ ಹೋಗಿ ಲಿಂಗಣ್ಣನ ಮುಂದೆ ಕೈಮುಗಿದು ನಿಂತ.

"ಹತಾರಕ್ಕೆ ಯಾಕಪ್ಪ ಇಷ್ಟು ಅವಸರ?"

"ದೀಪ ಹಚ್ಚೋದ್ರೊಳಗೆ ನೀವು ಚೀಲ ಕೊಡ್ದಿದ್ರೆ ನಿಮ್ ಕಾಲಿಗೆ ಕೋಳವಂತೆ ಸ್ವಾಮಿ. ಆ ಕೋಳ ನಾನೇ ಮಾಡ್ಬೇಕಂತೆ."

ಲಿಂಗಣ್ಣ ಸಿಟ್ಟಾಗಲಿಲ್ಲ. "ಕೂತ್ಕೊ" ಎಂದು ಎಲೆಯಡಿಕೆ ಹಾಕಿಕೊಂಡ, ಬೀಗದ ಕೈ ಹುಡುಕಿಸಿದ, ಉಂಡು ಒಂದು ನಿದ್ದೆಯನ್ನೂ ತೆಗೆದ. ಬಿಸಿಲು ಇಳಿದ ಮೇಲೆ ಚೀಲ ಕೊಟ್ಟು, ಮುಟ್ಟಿತೆಂಬ ಚೀಟಿಯ ಕೆಳಗೆ ಬಡಗಿಗಳ ರುಜುವಾದ ಉಳಿಯ ಗುರುತನ್ನು ಬರೆಸಿಕೊಂಡ.

ಉಳಿ ಕೈಗೆ ಬಂದಾಗ ಕಾಳಾಚಾರಿಗೆ ಕಣ್ಣು ತುಂಬಿತು. ಕಚೇರಿಯ ಹಿತ್ತಿಲಲ್ಲಿ ಕೂತು ಹೊನ್ನೆ ಮರ ಕೊರೆದ. ಒರಟಾಗಿ ಮುಗಿಸಿದ್ದರೆ ಹೊತ್ತಿಗೆ ಸರಿಯಾಗಿ ಆಗುತ್ತಿತ್ತು. ಅಂಚು ನಯವಾಗದೆ ಅವನ ಮನಸ್ಸು ಒಪ್ಪಲಿಲ್ಲ. ಸಾಲದ್ದಕ್ಕೆ ಒಂದು ಹೂವನ್ನೂ ಕೆತ್ತಿದ. ಕೋಳ ಹೊತ್ತು ಒಳಗೆ ಹೋದಾಗ ಕಚೇರಿಯಲ್ಲಿ ದೀಪ ಹಚ್ಚಿ ಆಗಿತ್ತು.

ಲಿಂಗಣ್ಣ ಮೊದಲೇ ಬಂದು ಚೀಟಿ ಒಪ್ಪಿಸಿದ್ದ. ನ್ಯಾಯಾಧಿಕಾರಿಗಳು ಕಾಳಾಚಾರಿಯ ಕಡೆ ನೋಡಿ, "ಇವನು ಹೊತ್ತಿಗೆ ಸರಿಯಾಗಿ ಅಪ್ಪಣೆ ನಡೆಸಿದ್ದಾನೆ. ತಡಮಾಡಿದೋನು ನೀನು. ನಿನಗೇ ಮೂರು ದಿನ ಕೋಳ" ಎಂದು ಎದ್ದು ಹೋದರು.

ಜವಾನ ಕಾಳಾಚಾರಿಯ ಕಾಲಿಗೆ ಕೋಳ ತೊಡಿಸಿ ಹೂವಿನ ಮೇಲೆ ಕೈಯಾಡಿಸಿದ. "ಕೆಲ್ಸ ಬಲೇ ಪಸಂದಾಗೈತೆ, ಆಚಾರಿ."

"ಎಲ್ಲೂ ಒತ್ತಾಕಿಲ್ಲ ನೋಡು. ನನ್ನಂಥ ಬುದ್ಧಿವಂತ ತೊಣ್ಣೂರಲ್ಲೇ ಇನ್ನೊಬ್ಬ ಇಲ್ಲ" ಎಂದು ಕಾಳಾಚಾರಿ ಚೀಲವನ್ನು ತಬ್ಬಿಕೊಂಡ. "ಹೋಗ್ಲಿ ಬುಡು, ಇದೊಂದು ಸಿಕ್ತಲ್ಲ."

ಜವಾನ ಅದನ್ನು ಮೆಲ್ಲಗೆ ಬಿಡಿಸಿಕೊಂಡ. "ಕೈದಿ ಸಾಮಾನು ಉಗ್ರಾಣಕ್ಕೆ ಹೋಗ್ಬೇಕು ಕಣಣ್ಣ."

ಬಾಗಿಲಲ್ಲಿದ್ದ ಲಿಂಗಣ್ಣ ಚೀಲವನ್ನು ಹೆಗಲಿಗೇರಿಸಿಕೊಂಡು, "ಬುಡುಗಡೆ ಆದ್ಮೇಲೆ ಒಂದು ಅಪ್ಪಣೆ ಬರೆಸ್ಕೊಂಡು ಬಾ, ಕೊಟ್ಬುಡ್ತೀನಿ" ಎಂದು ಹೊರಟ.