ದೋಣಿಯಿಂದ ಇಳಿದದ್ದು ಯಾರು?

ಮಗಳು ಹುಟ್ಟಿದ ಮೇಲೆ ನಾನು ಸಿನಿಮಾ ನೋಡಿಲ್ಲ ಎಂದರೆ ಸುಳ್ಳಾಗುತ್ತದೆ. ಬೇಕಾದಷ್ಟು ನೋಡಿದ್ದೇನೆ. ಒಂದರ ಕೊನೆಯನ್ನೂ ನೋಡಿಲ್ಲ, ಅಷ್ಟೇ. ಎಷ್ಟೋ ಜನ ನಾಯಕರು ನನ್ನ ತಲೆಯಲ್ಲಿ ಇನ್ನೂ ಆಸ್ಪತ್ರೆಯ ಮಂಚದಲ್ಲೇ ಮಲಗಿದ್ದಾರೆ. ಸತ್ತರೋ ಎದ್ದರೋ ಯಾರೂ ತಿಳಿಸಿಲ್ಲ. ಸಿನಿಮಾ ಶುರು ಮಾಡುವುದು ನಮ್ಮ ಕೈಯಲ್ಲಿ, ಮುಗಿಸುವುದು ಮನೆಯವರ ಕೈಯಲ್ಲಿ. ಇಂಥದ್ದು ಆಗುತ್ತಲೇ ಇರುತ್ತದೆ. ಆದರೆ ಒಂದೇ ಒಂದು ಸಿನಿಮಾ ನನ್ನನ್ನು ಆಡಿಸಿದಷ್ಟು ಬೇರೆ ಯಾವುದೂ ಆಡಿಸಿಲ್ಲ.

ನಮ್ಮ ಮನೆ ಕಾಪುವಿನಲ್ಲಿ. ಹತ್ತನೆಯ ತರಗತಿ ಮುಗಿಸಿ ಹೊಲಿಗೆ ಕಲಿತವಳು ನಾನು. ಜಗಲಿಯಲ್ಲಿ ಮೆಷಿನ್ ಇಟ್ಟುಕೊಂಡು ರವಿಕೆ ಹೊಲಿಯುತ್ತೇನೆ. ಗಂಡ ಮಲ್ಪೆಯಲ್ಲಿ ದೋಣಿಗಳ ಎಂಜಿನ್ ರಿಪೇರಿ ಮಾಡುತ್ತಾರೆ. ಮನೆಯಲ್ಲಿ ಅತ್ತೆ ಮತ್ತು ಮೂರು ವರ್ಷದ ಮಗಳು. ನಾವು ಮಾತಾಡುವುದು ತುಳು. ಇಲ್ಲಿ ಕನ್ನಡದಲ್ಲಿ ಬರೆದದ್ದರಿಂದ ಬೈಗುಳ ಸ್ವಲ್ಪ ಮೆತ್ತಗಾಗಿರಬಹುದು.

ನಿದ್ದೆಯ ಅಳತೆ

ಮಣಿಪಾಲದ ಒಬ್ಬರು ಮೇಡಂ ನನ್ನ ಹತ್ತಿರ ರವಿಕೆ ಹೊಲಿಸುತ್ತಾರೆ. ಅವರೂ ಅವರ ಗೆಳತಿಯರೂ ಸೇರಿ ಭಾನುವಾರಗಳಂದು ಒಳ್ಳೊಳ್ಳೆಯ ಸಿನಿಮಾ ತೋರಿಸುವ ಒಂದು ಸಂಘ ಮಾಡಿಕೊಂಡಿದ್ದಾರೆ. ತೋಳಿನ ಅಳತೆ ತೆಗೆಯುವಾಗ ಕೇಳಿದರು, "ನಿಮಗೆ ಎಂಥ ಸಿನಿಮಾ ಇಷ್ಟ?"

"ಮುಗಿಯುವಂಥದ್ದು," ಎಂದೆ.

ಅವರಿಗೆ ಅರ್ಥವಾಗಲಿಲ್ಲ. ಮಧ್ಯಾಹ್ನ ಊಟವಾದ ಮೇಲೆ ಮಗಳು ಒಂದೂವರೆ ಗಂಟೆ ಮಲಗುತ್ತಾಳೆ. ನನ್ನ ಪಾಲಿಗೆ ಇರುವ ಟಾಕೀಸು ಅದೊಂದೇ. ಮೂರು ಗಂಟೆಯ ಸಿನಿಮಾ ಹಾಕಿದರೆ ಇಂಟರ್‌ವಲ್ಲಿಗೆ ಅವಳು ಎದ್ದು ಕೂತಿರುತ್ತಾಳೆ. ಇದನ್ನೆಲ್ಲ ಹೇಳಿದ ಮೇಲೆ ಅವರ ಮುಖ ಅರಳಿತು.

"ನಿಮಗೆ ಸರಿಯಾದ್ದು ನನ್ನ ಹತ್ತಿರ ಉಂಟು. ದೊಡ್ಡ ಪ್ರಶಸ್ತಿಗೆ ನಾಮಿನೇಟ್ ಆದ ಸಿನಿಮಾ. ಒಂದೂವರೆ ಗಂಟೆ ಕೂಡ ಇಲ್ಲ. ಆದರೆ ಎಂಥ ಕಥೆ ಗೊತ್ತುಂಟಾ? ಅಷ್ಟರೊಳಗೆ ನಿಮ್ಮನ್ನು ಅಳಿಸಿಬಿಡುತ್ತದೆ."

"ಅಳಿಸಲಿಕ್ಕೆ ಒಂದೂವರೆ ಗಂಟೆ ಬೇಕಾ? ನಮ್ಮ ಅತ್ತೆ ಎರಡು ನಿಮಿಷದಲ್ಲಿ ಮಾಡುತ್ತಾರೆ."

ಅತ್ತೆ ಒಳಗೆ ತೆಂಗಿನಕಾಯಿ ತುರಿಯುತ್ತಿದ್ದರು. ತುರಿಯುವ ಸದ್ದು ನಿಂತಿತು. ಮೇಡಂ ಫೋನಿಗೆ ಲಿಂಕ್ ಕಳಿಸಿ, ವಾರವಿಡೀ ತೆರೆದಿರುತ್ತದೆ ಎಂದು ಹೇಳಿ ಬೇಗನೆ ಹೊರಟರು.

ಅತ್ತೆ ಹೊರಗೆ ಬಂದು ಕೇಳಿದರು. "ಎಂತ, ಅದಕ್ಕೆ ಪ್ರಶಸ್ತಿ ಬಂದಿದೆಯಾ?"

"ಬಂದಿಲ್ಲ ಅತ್ತೆ, ನಾಮಿನೇಟ್ ಆಗಿದೆ. ದೊಡ್ಡ ಗೌರವ ಅಂತೆ."

"ನಿನ್ನ ಮಾವ ಕೂಡ ಪಂಚಾಯತಿಗೆ ನಾಮಿನೇಶನ್ ಹಾಕಿದ್ದರು. ಹಾರ ಹಾಕಿ, ಫೋಟೋ ತೆಗೆಸಿ, ಊರೆಲ್ಲ ಮೆರವಣಿಗೆ. ಆಮೇಲೆ ನನ್ನ ಅಣ್ಣನೇ ಅವರಿಗೆ ಓಟು ಹಾಕಲಿಲ್ಲ."

ಬೂತಾಯಿ ಬಂತು

ಮರುದಿನವೇ ಫೋನನ್ನು ಮೆಷಿನ್ನಿಗೆ ಒರಗಿಸಿ ಸಿನಿಮಾ ಹಾಕಿದೆ. ಯಾವುದೋ ಚಳಿ ದೇಶದ ಕಥೆ. ಒಬ್ಬಳು ಹೆಂಗಸು ದಿನಾ ಬಟ್ಟೆ ಮುಚ್ಚಿದ ಒಂದು ಪಾತ್ರೆ ಹಿಡಿದುಕೊಂಡು ನದಿಯ ಕಡವಿಗೆ ಬರುತ್ತಾಳೆ. ದೋಣಿ ಬರುತ್ತದೆ, ಜನ ಇಳಿಯುತ್ತಾರೆ, ಅವಳು ಒಬ್ಬೊಬ್ಬರ ಮುಖ ನೋಡುತ್ತಾಳೆ. ಅವಳು ಕಾಯುತ್ತಿರುವವರು ಬರುವುದಿಲ್ಲ. ಪಾತ್ರೆ ಹಿಡಿದುಕೊಂಡು ವಾಪಸು ಹೋಗುತ್ತಾಳೆ. ಊರಿನವರು ನಗುತ್ತಾರೆ. ಯಾರಿಗೆ ಕಾಯುತ್ತಾಳೆ ಎಂದು ಅವಳೂ ಹೇಳುವುದಿಲ್ಲ, ಸಿನಿಮಾವೂ ಹೇಳುವುದಿಲ್ಲ. ಇಷ್ಟೇ. ಆದರೆ ಹೇಗೆ ತೆಗೆದಿದ್ದಾರೆ ಎಂದರೆ, ನಾನು ತೋಳನ್ನು ತಿರುಗಾಮುರುಗಾ ಹೊಲಿದುಬಿಟ್ಟೆ.

ಕೊನೆಗೆ ನದಿ ಹೆಪ್ಪುಗಟ್ಟುವ ಮುಂಚಿನ ಕಡೆಯ ದೋಣಿ. ಮಂಜು ಮುಸುಕಿದೆ. ದೋಣಿ ಹತ್ತಿರ ಬರುತ್ತಿದೆ. ನಾನು ಪೆಡಲ್ ತುಳಿಯುವುದನ್ನು ನಿಲ್ಲಿಸಿ ಫೋನಿನ ಮೇಲೆ ಬಾಗಿದ್ದೇನೆ.

ಆಗ ಗೇಟಿನ ಹತ್ತಿರ ಮೀನಿನ ಸ್ಕೂಟರಿನ ಹಾರನ್. ಅತ್ತೆ ಅಂಗಳದಿಂದ ಕೂಗಿದರು, "ಪಾತ್ರೆ ತಾ, ಕೈರಂಪಣಿ ಬಲೆಯ ಬೂತಾಯಿ! ಈಗ ಎಳೆದದ್ದಂತೆ!"

ಮಗಳು ಎದ್ದು ಅಳತೊಡಗಿದಳು. ಒಂದು ಕಡೆ ಸಿನಿಮಾದ ಹೆಂಗಸು ಪಾತ್ರೆ ಹಿಡಿದು ಕಡವಿನಲ್ಲಿ ನಿಂತಿದ್ದಾಳೆ, ಇನ್ನೊಂದು ಕಡೆ ನಾನು ಪಾತ್ರೆ ಹಿಡಿದು ಗೇಟಿನಲ್ಲಿ ನಿಂತೆ. ವ್ಯತ್ಯಾಸ ಇಷ್ಟೇ, ನಾನು ಕಾಯುತ್ತಿದ್ದದ್ದು ಬಂತು, ಮುಳ್ಳು ಸಮೇತ.

ಎರಡು ಸಿನಿಮಾ ಒಂದೇ ಟಿಕೆಟಿಗೆ

"ಕೊನೆಯ ಭಾಗಕ್ಕೆ ಹಾರಿಸಿ ನೋಡಿದರೆ ಆಯಿತಲ್ಲ ಮಾರಾಯ್ತಿ," ಎಂದರು ಗಂಡ.

"ಬರೀ ಒಗ್ಗರಣೆಯನ್ನು ಯಾರಾದರೂ ಊಟ ಮಾಡುತ್ತಾರಾ?" ಎಂದೆ. ಒಂದು ಕಥೆಯಾದರೂ ಮೊದಲಿನಿಂದ ಕೊನೆಯ ತನಕ ಪೂರ್ತಿಯಾಗಿ ನನ್ನದಾಗಬೇಕು ಎಂಬ ಹಟ ಬಂದಿತ್ತು.

ಎರಡನೆಯ ಸಲ ಅತ್ತೆ ಕುರ್ಚಿ ಎಳೆದುಕೊಂಡು ಬಂದು ಪಕ್ಕದಲ್ಲೇ ಕೂತರು. ಅವರನ್ನು ಕಣ್ಣಳತೆಯಲ್ಲೇ ಇಟ್ಟುಕೊಂಡರೆ ಮೀನಿನ ಅಪಾಯ ಇಲ್ಲ ಎಂದು ನಾನೂ ಒಪ್ಪಿದೆ. ಆದರೆ ಸಿನಿಮಾದ ಭಾಷೆ ದೇವರಿಗೇ ಗೊತ್ತು. ಕೆಳಗೆ ಇಂಗ್ಲಿಷ್ ಅಕ್ಷರ ಬರುತ್ತದೆ. ನಾನು ಓದುವ ವೇಗಕ್ಕೆ ಅರ್ಧ ಸಾಲು ನನ್ನ ಪಾಲಿಗೆ, ಉಳಿದರ್ಧ ನದಿಯ ಪಾಲಿಗೆ. ಅತ್ತೆ ಮಾತು ಮಾತಿಗೂ "ಎಂತ ಹೇಳಿದ?" ಎಂದು ಕೇಳುತ್ತಿದ್ದರು. ಗೊತ್ತಿಲ್ಲ ಎನ್ನಲು ಬಾಯಿ ಬರಲಿಲ್ಲ. ಪಿಯುಸಿ ಓದದ ಸೊಸೆ ಎಂಬ ಮಾತು ಹೇಗೂ ಮನೆಯಲ್ಲಿ ಆಗಾಗ ಓಡಾಡಿಕೊಂಡಿರುತ್ತದೆ. ಬಾಯಿಗೆ ಬಂದದ್ದು ಹೇಳಿದೆ.

ದೋಣಿಯವನು ಅವಳಿಗೆ ಉದ್ದಕ್ಕೆ ಏನೋ ಹೇಳಿದ.

"ಎಂತ ಅಂತೆ?"

"ನಾಳೆ ಬಾ ಎಂದ."

"ಅಷ್ಟು ಹೊತ್ತು ಮಾತಾಡಿ ನಾಳೆ ಬಾ ಅಂತ ಮಾತ್ರವಾ? ದೋಣಿಯವನಾ, ತಾಲೂಕು ಆಫೀಸಿನವನಾ?"

ಅತ್ತೆಯ ಚಿಂತೆ ಎಲ್ಲ ಆ ಪಾತ್ರೆಯ ಮೇಲೆ. ಒಳಗೆ ಎಂತ ಉಂಟು, ಹುಳಿ ಹಿಡಿಯುವುದಿಲ್ಲವಾ, ದಿನಾ ತೊಳೆಯುತ್ತಾಳಾ ಇಲ್ಲವಾ? ಅರ್ಧ ಕಳೆಯುವಾಗ ಮಾತ್ರ ಅವರು ಸುಮ್ಮನಾದರು. ತಿರುಗಿ ನೋಡಿದರೆ ಸೆರಗು ಮೂಗಿನ ಹತ್ತಿರ ಇತ್ತು. "ಧೂಳು," ಎಂದರು.

ಕಡೆಯ ದೋಣಿ ಬಂತು. ಈ ಸಲ ಮಂಜನ್ನು ದಾಟಿತು. ಹಲಗೆ ಹಾಕಿದರು. ದೋಣಿಯವನು ಇಳಿಯುವವರಿಗೆ ಕೈ ಚಾಚಿದ. ಅಷ್ಟರಲ್ಲಿ ದೋಣಿ, ನದಿ, ಹೆಂಗಸು ಎಲ್ಲ ಮಾಯವಾಗಿ ಪರದೆಯ ಮೇಲೆ ಕಾರ್ಕಳದ ಚಿಕ್ಕತ್ತೆಯ ಫೋಟೋ ಬಂತು. ಫೋನ್ ರಿಂಗಾಗತೊಡಗಿತು.

ಕಟ್ ಮಾಡಬೇಕು ಎನ್ನುವಷ್ಟರಲ್ಲಿ ಅತ್ತೆ ಎತ್ತಿಕೊಂಡಾಗಿತ್ತು. "ಹಾಂ ತಂಗಿ, ಒಂದು ಸಿನಿಮಾ ನೋಡುತ್ತಿದ್ದೆವು, ಕೇಳು," ಎಂದು ಮೊದಲಿನಿಂದ ಶುರು ಮಾಡಿದರು. ಸಿನಿಮಾಕ್ಕಿಂತ ಇವರ ಕಥೆ ಉದ್ದ. ಮಗಳು ಎದ್ದಳು, ಹಾಲು ಕುಡಿದಳು, ಆಡಲು ಹೋದಳು. ಅತ್ತೆ ಇನ್ನೂ ಕಡವಿನಲ್ಲೇ ಇದ್ದರು.

"ಕೊನೆಗೆ ದೋಣಿಯವನು ಕೈ ಚಾಚಿದ ಅಲ್ವಾ? ಗಂಡಸು ಇಳಿಯುವುದಾದರೆ ಯಾರು ಕೈ ಚಾಚುತ್ತಾರೆ? ಇಳಿದದ್ದು ಹೆಂಗಸು. ಅವಳ ಗಂಡನ ಎರಡನೆಯ ಹೆಂಡತಿ. ಹಿಂದಿನಿಂದ ಆ ಬೇವರ್ಸಿ ಸೂಟ್‌ಕೇಸ್ ಹಿಡಿದುಕೊಂಡು!"

ಹೀಗೆ ಕಾರ್ಕಳದವರಿಗೆ ಸಿನಿಮಾದ ಕೊನೆ ಗೊತ್ತಾಯಿತು. ಸಿನಿಮಾ ನೋಡಿದ ನನಗೆ ಗೊತ್ತಾಗಲಿಲ್ಲ.

ಊರಿಗೆ ಊರೇ ಕಡವಿನಲ್ಲಿ

ಎರಡೇ ದಿನದಲ್ಲಿ ಎರಡನೆಯ ಹೆಂಡತಿ ಕಾರ್ಕಳದಿಂದ ವಾಪಸು ಕಾಪುವಿಗೆ ಬಂದಳು. ಪಕ್ಕದ ಮನೆಯ ಬ್ಯಾರಿ ಅಕ್ಕ ನೈಟಿಯ ಬಟ್ಟೆ ಕೊಡಲು ಬಂದವರು ಮೆಟ್ಟಿಲಲ್ಲೇ ಕೇಳಿದರು. "ಎಂತದಾ, ನಿಮ್ಮ ಸಂಬಂಧದಲ್ಲಿ ಯಾರದೋ ಗಂಡ ಎರಡನೆಯವಳನ್ನು ದೋಣಿಯಲ್ಲಿ ಕರೆದುಕೊಂಡು ಬಂದನಂತೆ?"

ಸಿನಿಮಾ ಎಂದು ಹೇಳಿ ಸಮಾಧಾನ ಮಾಡಿ ಕಥೆ ಹೇಳಿದೆ. ಅಕ್ಕ ಒಪ್ಪಲಿಲ್ಲ. ಅವರ ಯಜಮಾನರು ಗಲ್ಫಿನಲ್ಲಿ ಇರುವುದು.

"ಇಳಿದದ್ದು ಗಂಡನೇ, ಒಬ್ಬನೇ. ಹೇಳದೆ ಬಂದಿದ್ದಾನೆ. ಹೇಳದೆ ಬರುವವನ ಕೈಯಲ್ಲಿ ಸಾಮಾನು ಇರುವುದಿಲ್ಲ, ಮುಖ ಬಾಡಿರುತ್ತದೆ. ಇವಳು ಏನೂ ಕೇಳದೆ ಮೊದಲು ಊಟ ಹಾಕುತ್ತಾಳೆ. ಪಾತ್ರೆ ಅದಕ್ಕೇ."

ಒಳಗಿನಿಂದ ಅತ್ತೆ, "ಊಟ ಹಾಕುವುದಾ? ನಾನಾಗಿದ್ದರೆ ಪಾತ್ರೆಯನ್ನೇ ಹಾಕುತ್ತಿದ್ದೆ, ತಲೆಗೆ," ಎಂದರು.

ಅಂದು ಲಿಂಕಿನ ಕಡೆಯ ದಿನ. ನನಗೆ ಮದುವೆ ಮನೆಯ ರವಿಕೆಗಳ ರಾಶಿ. ಬೇರೆ ದಾರಿಯಿಲ್ಲದೆ ಲಿಂಕನ್ನು ಗಂಡನಿಗೆ ಕಳಿಸಿದೆ. "ಮಧ್ಯಾಹ್ನ ಪೂರ್ತಿ ನೋಡಿ. ಮುಖ್ಯವಾಗಿ ಕೊನೆ. ಬಂದು ಹೇಳಿ." ಸಂಜೆ ಅವರು ಚಪ್ಪಲಿ ಬಿಡುವ ಮೊದಲೇ ಕೇಳಿದೆ.

"ನೋಡಿದಿರಾ?"

"ನೋಡಿದೆ. ಪೂರ್ತಿ."

"ಕೊನೆಗೆ ಎಂತಾಯಿತು?"

ಗಂಡ ಗಂಭೀರವಾಗಿ ಕೂತರು. "ಆ ಕಡೆಯ ದೋಣಿ ಉಂಟಲ್ಲ, ಅದರ ಎಂಜಿನ್ ಸದ್ದು ಕೇಳಿದೆಯಾ? ಸೈಲೆನ್ಸರ್ ಹೋಗಿದೆ. ಗ್ಯಾಸ್ಕೆಟ್ ಕೂಡ. ಇನ್ನು ಎರಡು ಟ್ರಿಪ್ ಓಡುವುದಿಲ್ಲ ಅದು."

"ಇಳಿದದ್ದು ಯಾರು?"

"ಅದು ಕಾಣಲಿಲ್ಲ ಮಾರಾಯ್ತಿ."

ಅಂದು ರಾತ್ರಿ ಬೂತಾಯಿ ಸಾರಿನಲ್ಲಿ ಅವರಿಗೆ ಬರೀ ತಲೆಗಳು ಸಿಕ್ಕಿದವು.

ಇನ್ವರ್ಟರ್ ಹಾಕಿ

ಮೇಡಂ ರವಿಕೆ ಒಯ್ಯಲು ಬಂದಾಗ, "ನೀವಾದರೂ ಹೇಳಿ, ಇಳಿದದ್ದು ಯಾರು?" ಎಂದೆ.

"ಅಯ್ಯೋ, ಹೇಳಿದರೆ ಹಾಳಾಗುತ್ತದೆ. ಈ ಭಾನುವಾರ ನಮ್ಮ ಸಂಘದಲ್ಲಿ ಅದೇ ಸಿನಿಮಾ. ಬನ್ನಿ, ದೊಡ್ಡ ಪರದೆಯಲ್ಲಿ ನೋಡಿ."

ಭಾನುವಾರ ಮಗಳನ್ನು ಎತ್ತಿಕೊಂಡು ಕಾಪುವಿನಿಂದ ಉಡುಪಿಗೆ, ಉಡುಪಿಯಿಂದ ಮಣಿಪಾಲಕ್ಕೆ ಬಸ್ಸು ಹತ್ತಿದೆ. ಮಗುವನ್ನು ನೋಡಿಕೊಳ್ಳಲು ಎಂದು ಅತ್ತೆಯೂ ಹೊರಟರು, ಮದುವೆಗೆ ಉಡುವ ರೇಷ್ಮೆ ಸೀರೆಯಲ್ಲಿ, ಒಂದು ಡಬ್ಬ ಕರಿದ ನೀರುಳ್ಳಿ ಬಜೆಯ ಜೊತೆಗೆ. ಫೋನ್ ಆಫ್ ಮಾಡಿದೆ. ಸಂಘದವರು ಸಿನಿಮಾ ತೋರಿಸುವ ಮಣಿಪಾಲದ ಹಾಲಿಗೆ ಮೀನಿನ ಸ್ಕೂಟರ್ ಬರುವ ಹಾಗಿಲ್ಲ. ದೀಪ ಆರಿದ ಕೂಡಲೇ ಮಗಳು ಅತ್ತೆಯ ಮಡಿಲಲ್ಲಿ ಮಲಗಿದಳು. ಎಲ್ಲ ದೇವರೂ ನನ್ನ ಕಡೆಗೇ ಇದ್ದಾರೆ ಎನಿಸಿತು.

ಕಡೆಯ ದೋಣಿ ಬಂತು. ಮಂಜು ದಾಟಿತು. ಹಲಗೆ ಹಾಕಿದರು. ದೋಣಿಯವನು ಕೈ ಚಾಚಿದ. ಒಂದು ಪಾದ ಹಲಗೆಯ ಮೇಲೆ ಬಂತು. ಆ ಹೆಂಗಸು ಮುಖ ಎತ್ತಿದಳು.

ಪರದೆ ಕಪ್ಪಾಯಿತು.

ಕತ್ತಲಲ್ಲಿ ಅತ್ತೆಯ ಧ್ವನಿ. "ಕರೆಂಟ್ ಹೋಯಿತು. ಯಾರಾದರೂ ಇನ್ವರ್ಟರ್ ಹಾಕಿ."

ಕರೆಂಟ್ ಹೋಗಿರಲಿಲ್ಲ. ಹೆಸರುಗಳು ಬರತೊಡಗಿದವು, ದೀಪ ಹತ್ತಿತು, ಜನ ಚಪ್ಪಾಳೆ ತಟ್ಟಿದರು. ಗಂಡ ಪಾಪ, ಕಂಡದ್ದನ್ನೇ ಹೇಳಿದ್ದರು. ಮೇಡಂ ಮೈಕ್ ಹಿಡಿದು ಹೇಳಿದರು, "ಇದೇ ಈ ಸಿನಿಮಾದ ಶಕ್ತಿ. ಒಂದೂವರೆ ಗಂಟೆಯೊಳಗೆ ಎಲ್ಲವನ್ನೂ ಹೇಳಿ, ಕೊನೆಯನ್ನು ನಮಗೇ ಬಿಟ್ಟಿದ್ದಾರೆ. ಯಾರಿಗೆ ಏನು ಅನ್ನಿಸಿತು?"

ನನಗೆ ತಡೆಯಲಾಗಲಿಲ್ಲ. ಎದ್ದು ನಿಂತೆ. "ಮೇಡಂ, ನಿಮ್ಮ ರವಿಕೆಗೆ ನಾನು ಹುಕ್ಸ್ ಹಾಕದೆ ಕೊಟ್ಟು, ಅದನ್ನು ನಿಮಗೇ ಬಿಟ್ಟಿದ್ದೇನೆ ಎಂದರೆ ನೀವು ಚಪ್ಪಾಳೆ ತಟ್ಟುತ್ತೀರಾ?"

ಹಾಲಿಗೆ ಹಾಲೇ ನಕ್ಕಿತು. ಮೇಡಂ ಕೂಡ ನಕ್ಕರು, ಆದರೆ ಕೈ ತಾನಾಗಿ ಬೆನ್ನಿನ ಕಡೆಗೆ ಹೋಯಿತು.

ಅಷ್ಟರಲ್ಲಿ ಮಗಳನ್ನು ನನ್ನ ಮಡಿಲಿಗೆ ಹಾಕಿ ಅತ್ತೆ ಎದ್ದರು. "ನನಗೆ ಗೊತ್ತುಂಟು ಯಾರು ಇಳಿದದ್ದು ಅಂತ. ಆ ಮೈಕ್ ಕೊಡಿ."

ಎರಡನೆಯ ಹೆಂಡತಿ ಬರುತ್ತಾಳೆ, ಬೈಗುಳ ಬರುತ್ತದೆ, ನನ್ನ ಮಾನ ಹೋಗುತ್ತದೆ ಎಂದು ನಾನು ತಲೆ ತಗ್ಗಿಸಿದೆ. ಆದರೆ ಅತ್ತೆ ಬೇರೆಯೇ ಧ್ವನಿಯಲ್ಲಿ ಶುರು ಮಾಡಿದರು. ಆ ಹೆಂಗಸು ದಿನಾ ಬೆಳಿಗ್ಗೆ ಪಾತ್ರೆಗೆ ಎಂತ ತುಂಬುತ್ತಾಳೆ, ತುಂಬುವಾಗ ಎಂತ ಯೋಚಿಸುತ್ತಾಳೆ, ವಾಪಸು ಬಂದು ಅದನ್ನು ಯಾರಿಗೆ ಹಾಕುತ್ತಾಳೆ. ಇದೆಲ್ಲ ಸಿನಿಮಾದಲ್ಲಿ ಇರಲೇ ಇಲ್ಲ. ಆದರೆ ಹಾಲಿನಲ್ಲಿ ಯಾರೂ ಅಲುಗಾಡಲಿಲ್ಲ. ನಾನೂ ತಲೆ ಎತ್ತಿದೆ. ಎರಡನೆಯ ಹೆಂಡತಿಯ ಸುದ್ದಿಯೇ ಇಲ್ಲ. ಮನೆಯಲ್ಲಿ ಧೂಳು ಎಂದು ಮೂಗು ಒರೆಸಿಕೊಂಡವರು ಆವತ್ತಿನಿಂದಲೂ ಮನಸ್ಸಿನಲ್ಲಿ ಇದನ್ನೇ ಬೇಯಿಸುತ್ತಿದ್ದರು ಎಂದು ಕಾಣುತ್ತದೆ.

"ಹಲಗೆ ಹಾಕಿದರು," ಎಂದರು ಅತ್ತೆ. "ಮೊದಲು ಒಂದು ಪಾದ ಕಂಡಿತು. ಆ ಪಾದವನ್ನು ನೋಡಿಯೇ ಅವಳಿಗೆ ಯಾರು ಅಂತ ಗೊತ್ತಾಯಿತು. ಯಾಕೆಂದರೆ ಆ ಪಾದದಲ್ಲಿ..."

ಮಡಿಲಲ್ಲಿ ಮಗಳು ಕಣ್ಣು ಬಿಟ್ಟಳು. "ಅಮ್ಮ, ಉಚ್ಚೆ."

"ಒಂದು ನಿಮಿಷ ಮಗಾ."

"ಬಂತು."

ಎತ್ತಿಕೊಂಡು ಓಡಿದೆ. ಬಾಗಿಲು ಹಿಂದಿನಿಂದ ಮುಚ್ಚಿಕೊಂಡಿತು. ವಾಪಸು ಬರುವಾಗ ಇಡೀ ಹಾಲು ಎದ್ದು ನಿಂತು ಚಪ್ಪಾಳೆ ತಟ್ಟುತ್ತಿತ್ತು. ಮುಂದಿನ ಸಾಲಿನಲ್ಲಿ ಇಬ್ಬರು ಕಣ್ಣು ಒರೆಸಿಕೊಳ್ಳುತ್ತಿದ್ದರು. ಅತ್ತೆ ಎಲ್ಲರಿಗೂ ಬಜೆ ಹಂಚುತ್ತಿದ್ದರು.

"ಮೇಡಂ, ಯಾರು ಇಳಿದದ್ದಂತೆ?" ಎಂದು ಕೇಳಿದೆ.

ಮೇಡಂ ಕರ್ಚೀಫಿನಿಂದ ಮೂಗು ಒರೆಸಿಕೊಂಡು, "ಹೇಳಿದರೆ ಹಾಳಾಗುತ್ತದೆ," ಎಂದರು.

ಉಡುಪಿಯ ತನಕ ಹಟ ಹಿಡಿದು ಕೂತೆ. ಕಾಪುವಿನ ಬಸ್ಸಿನಲ್ಲಿ ಕೂತ ಮೇಲೆ ಹಟ ಬಿಟ್ಟು, ಕಿಟಕಿಯ ಸೀಟನ್ನೂ ಬಿಟ್ಟುಕೊಟ್ಟು, ಮೆತ್ತಗೆ ಕೇಳಿದೆ. "ಅತ್ತೆ, ಹೇಳಿ. ದೋಣಿಯಿಂದ ಇಳಿದದ್ದು ಯಾರು?"

ಅತ್ತೆ ರೇಷ್ಮೆ ಸೀರೆಯ ನೆರಿಗೆ ಸರಿ ಮಾಡಿಕೊಂಡರು. ಖಾಲಿ ಡಬ್ಬದ ಮುಚ್ಚಳ ಭದ್ರ ಮಾಡಿದರು. ಆಮೇಲೆ ಕಿಟಕಿಯ ಹೊರಗೆ ನೋಡುತ್ತಾ ಹೇಳಿದರು.

"ಅದನ್ನು ನಿನಗೇ ಬಿಟ್ಟಿದ್ದೇನೆ."