ಕೊರಿಯಾದ ನಟಿಯೂ ಮಗಳ ಸಂಬಂಧವೂ

ಹೋದ ವರ್ಷದ ಡೈರಿಯಲ್ಲಿ ಜೂನ್ ಮೂರರಂದು ಹೀಗೆ ಬರೆದಿದ್ದೇನೆ: "ಕೊರಿಯಾದ ನಟಿಯ ಸಿನಿಮಾ ನೋಡಿದೆವು. ಅತ್ತಿಗೆ ಅತ್ತರು. ಮಗಳಿಗೆ ರಾಮಕುಂಜದಿಂದ ಸಂಬಂಧ ಬಂದಿದೆ, ಬಿಡುವಂಥದ್ದಲ್ಲ." ಈ ಎರಡು ವಿಷಯ ಒಂದಕ್ಕೊಂದು ತಾಗುತ್ತವೆಂದು ಆಗ ಗೊತ್ತಿರಲಿಲ್ಲ. ಅತ್ತಿಗೆ ಎಂದರೆ ನನ್ನ ಗಂಡನ ಅಕ್ಕ, ಕಡಬದಲ್ಲಿ ನಮ್ಮ ಜೊತೆಗೇ ಇರುವವರು. ಅವರಿದ್ದಲ್ಲಿ ಏನಾದರೊಂದು ಆಗುತ್ತಲೇ ಇರುತ್ತದೆ.

೧. ನಿನ್ನೆಯ ಮೊಮ್ಮಗ

ಆ ನಟಿ ಹುಡುಗಿಯಾಗಿದ್ದಾಗ ಶುರು ಮಾಡಿ ಅಜ್ಜಿಯಾಗುವವರೆಗೂ ನಟಿಸಿದವರು. ಟಿವಿಯಲ್ಲಿ ಎಲ್ಲವೂ ಸಿಗುತ್ತದೆ, ಆದರೆ ಹಿಂದುಮುಂದಾಗಿ. ಕೆಳಗೆ ಬರುವ ಇಂಗ್ಲಿಷನ್ನು ಓದಿ ಹೇಳುವುದು ನಾನು; ಬಿ.ಎ. ಮಾಡಿದ್ದು ಸುಮ್ಮನೆ ಅಲ್ಲ. ಒಂದು ದಿನ ಆಕೆ ಕಾಲೇಜು ಹುಡುಗಿಯಾಗಿ ಸೈಕಲ್ ತುಳಿಯುತ್ತ ಬಂದರು.

"ಇವಳಿಗೆ ನಿನ್ನೆ ಮೊಮ್ಮಗ ಇದ್ದನಲ್ಲ?" ಎಂದರು ಅತ್ತಿಗೆ.

"ಇದು ಮೂವತ್ತು ವರ್ಷ ಹಿಂದಿನದು ಅತ್ತಿಗೆ."

ಅಷ್ಟರಲ್ಲಿ ಒಬ್ಬ ಹುಡುಗ ಆಕೆಗೆ ಹೂ ಕೊಟ್ಟ. ಅತ್ತಿಗೆ ನೇರ ಟಿವಿಗೇ ಹೇಳಿದರು, "ಅವನು ಬೇಡ ಮಾರಾಯ್ತಿ. ನಿನ್ನ ಗಂಡ ಬೇರೆ ಉಂಟು, ನಾನು ನೋಡಿದ್ದೇನೆ."

೨. ಸೊಸೆ ಅತ್ತೆಯಾದಾಗ

ನಡುವಯಸ್ಸಿನ ಸಿನಿಮಾಗಳಲ್ಲಿ ಆಕೆ ಕಷ್ಟದ ಸೊಸೆ. ಈಚಿನವುಗಳಲ್ಲಿ ಕಾಟ ಕೊಡುವ ಅತ್ತೆ.

"ನಿನ್ನ ಅತ್ತೆ ನಿನಗೆ ಕೊಟ್ಟ ಉಪದ್ರ ಇಷ್ಟು ಬೇಗ ಮರೆತುಹೋಯಿತಾ?" ಎಂದು ಅತ್ತಿಗೆ ಸಿಟ್ಟಿನಿಂದ ಎದ್ದುಹೋದರು. ಮರುದಿನವೂ ಬರಲಿಲ್ಲ. ಅಡುಗೆಮನೆಯಿಂದಲೇ ಕೂಗಿದರು, "ಅವಳು ಸರಿಯಾದಳಾ ಅಂತ ನೋಡಿ ಹೇಳು, ಮತ್ತೆ ಬರ್ತೇನೆ."

೩. ಗೇಟಿನ ಹತ್ತಿರ

ರಾಮಕುಂಜದವರು ಹುಡುಗಿ ನೋಡಲು ಬರುವ ದಿನ. ಎರಡೇ ದಿನದಲ್ಲಿ ಆಟಿ ತಿಂಗಳು. ಅದು ಹಿಡಿದರೆ ಮದುವೆಯ ಮಾತುಕತೆ ಇಲ್ಲ. ಹುಡುಗನಿಗೆ ಬೇರೆ ಕಡೆಯೂ ನೋಡುತ್ತಿದ್ದರು. ನಾನು ಕಾಶಿ ಹಲ್ವ ಮಗುಚುತ್ತಿದ್ದೆ. ಟಿವಿಯಲ್ಲಿ ನಟಿ ಆಸ್ಪತ್ರೆಯಲ್ಲಿ ಸತ್ತರು. ಅತ್ತಿಗೆಯ ಸ್ವರ ಮಾರ್ಗದವರೆಗೆ ಹೋಯಿತು: "ಹೋದಳಲ್ಲಾ! ಮಕ್ಕಳನ್ನು ಬಿಟ್ಟು ಹೋದಳಲ್ಲಾ!"

ಅವರ ಜೀಪು ಆಗಲೇ ಗೇಟಿಗೆ ಬಂದಿತ್ತು. ಹುಡುಗನ ಸೋದರಮಾವ ಪಕ್ಕದ ಮನೆಯಾಕೆಯನ್ನು ಕೇಳಿದರಂತೆ, "ಎಂತ ಆದದ್ದು?"

ಅತ್ತಿಗೆ ಆಕೆಗೆ ಬೆಳಿಗ್ಗೆಯೇ ಸಿನಿಮಾದ ಕತೆ ಹೇಳಿದ್ದರು. ಆಕೆ ಅಂದರಂತೆ, "ಆ ಹೆಂಗಸು ತೀರಿಹೋದರು ಕಾಣ್ತದೆ. ಪಾಪ, ಕ್ಯಾನ್ಸರ್."

ಜೀಪು ತಿರುಗಿತು. ಮನೆಗೆ ಹೋಗಿ ಎಲ್ಲರೂ ಸ್ನಾನ ಮಾಡಿದರಂತೆ. ಸಂಜೆ ಸೋದರಮಾವನ ಫೋನು:

"ನಿಮ್ಮ ಸೂತಕ ಕಳೆಯಲಿ, ಮತ್ತೆ ನೋಡುವ."

"ಎಂಥ ಸೂತಕ? ಸತ್ತದ್ದು ಕೊರಿಯಾದವರು!"

"ಕೊರಿಯಾದವರಾ? ನಿಮ್ಮ ಮನೆಗೆ ಮದುವೆಯಾಗಿ ಬಂದವರಾ?"

ಸಿನಿಮಾ ಎಂದರೆ ನಂಬಲಿಲ್ಲ. ಸೂತಕ ಮುಚ್ಚಿಡುವವರನ್ನು ಅವರು ಕಂಡಿದ್ದರು. ಕೊನೆಗೆ ಆ ಸಾವನ್ನೇ ಮೊಬೈಲಿನಲ್ಲಿ ಹಿಡಿದು ಕಳಿಸಿದೆ. ಮರುದಿನ ಫೋನು: "ಛೆ, ಎಷ್ಟು ಒಳ್ಳೆ ಹೆಂಗಸು ಮಾರಾಯ್ರೆ! ನಮ್ಮ ಅಕ್ಕನೂ ಅತ್ತರು. ಆಟಿ ಮುಗಿದ ಕೂಡಲೇ ಬರ್ತೇವೆ, ಬೇರೆ ಕಡೆ ನೋಡುದಿಲ್ಲ."

ಹೇಳಿದ ಹಾಗೆ ಬಂದರು, ಸಂಬಂಧ ಕೂಡಿತು. ಖರ್ಚು ಇಷ್ಟು: ಮದುವೆ ಎರಡು ತಿಂಗಳು ತಡ, ಹಲ್ವ ಎರಡು ಸಲ. ಮೊದಲ ಸಲದ್ದನ್ನು ಅತ್ತಿಗೆ ಒಬ್ಬರೇ, ಅಳುತ್ತ ಅಳುತ್ತ, ತಿಂದು ಮುಗಿಸಿದರು.